ಎಲ್ಲದಕ್ಕೂ ಬೇಡ ಅನ್ನೋ ಜಿಲ್ಲೆ ಅಲ್ಲ ಇದು

ಸಂಪಾದಕರಿಗೆ ನಮಸ್ಕಾರ,

ಕರಾವಳಿಯಲ್ಲಿ ಬಂದರು, ಘಟ್ಟದಲ್ಲಿ ನದಿ ತಿರುವು, ಶರಾವತಿಯಲ್ಲಿ ಪಂಪ್ಡ್ ಸ್ಟೋರೇಜ್ (ನೀರನ್ನ ಮೇಲಕ್ಕೆತ್ತಿ ಮತ್ತೆ ಬಿಟ್ಟು ಕರೆಂಟ್ ತೆಗೆಯೋದು) ಅಂತ ಒಂದರ ಹಿಂದೆ ಒಂದು ಯೋಜನೆ ಸುದ್ದಿ ಬರ್ತಾನೇ ಇದೆ, ಅದರ ಜೊತೆ ಒಂದು ಮಾತೂ ಎಲ್ಲಾ ಕಡೆ ಓಡಾಡ್ತಾ ಇದೆ. ಉತ್ತರ ಕನ್ನಡದವರು ಯಾವುದಕ್ಕೂ ಒಪ್ಪೋದಿಲ್ಲ, ಏನು ತಂದ್ರೂ ಅಡ್ಡ ನಿಲ್ತಾರೆ, ಅದಕ್ಕೇ ಈ ಜಿಲ್ಲೆ ಹಿಂದೆ ಬಿದ್ದಿದೆ ಅಂತ. ಟಿವಿ ಚರ್ಚೆಯಲ್ಲಿ ಹೇಳ್ತಾರೆ, ವಾಟ್ಸಾಪಲ್ಲಿ ಬರ್ತದೆ, ಬೆಂಗಳೂರಲ್ಲಿ ಕೆಲಸಕ್ಕಿರೋ ನಮ್ಮೂರಿನ ಹುಡುಗರೇ ಹಾಗೆ ಬರೀತಾರೆ. ಇದು ಸುಳ್ಳು ಅಂತ ಹೇಳೋಕೆ ಈ ಪತ್ರ ಬರೀತಿದ್ದೇನೆ, ಸ್ವಲ್ಪ ಉದ್ದ ಆಗ್ತದೆ, ದಯವಿಟ್ಟು ಪೂರ್ತಿ ಹಾಕಿ.

ಕಾಳಿ ನದಿ ಒಂದನ್ನೇ ನೋಡಿ, ಸೂಪಾ, ಬೊಮ್ಮನಹಳ್ಳಿ, ಕೊಡಸಳ್ಳಿ, ಕದ್ರಾ ಅಂತ ಡ್ಯಾಮ್ ಮೇಲೆ ಡ್ಯಾಮ್. ಸೂಪಾ ಅನ್ನೋ ಪೇಟೆಯೇ ನೀರಿನಡಿಗೆ ಹೋಯ್ತು, ತಾಲೂಕು ಕಚೇರಿ ಜೋಯಿಡಾಕ್ಕೆ ಬಂತು. ಶರಾವತಿಗೆ ಗೇರುಸೊಪ್ಪೆಯಲ್ಲಿ ಕಟ್ಟಿದ್ರು. ಕೈಗಾದಲ್ಲಿ 220 ಮೆಗಾವಾಟಿನ ನಾಲ್ಕು ಅಣು ಘಟಕ ನಡೀತಾ ಇವೆ. ಕಾರವಾರ, ಅಂಕೋಲೆ ಕಡೆಯ ಸಾವಿರಾರು ಕುಟುಂಬ ಮನೆ, ಗದ್ದೆ, ಕಡಲು ಬಿಟ್ಟು ಎದ್ದ ಮೇಲೇನೇ ಸೀಬರ್ಡ್ ನೌಕಾನೆಲೆ ಆಗಿದ್ದು, 2005ರಲ್ಲಿ ಅದು ಐಎನ್‌ಎಸ್ ಕದಂಬ ಅಂತ ಉದ್ಘಾಟನೆ ಆಯ್ತು, ಪರಿಹಾರದ ಕೇಸುಗಳು ಮಾತ್ರ ಅದಾದ ಮೇಲೂ ಎಷ್ಟೋ ವರ್ಷ ಎಳೆದ್ವು. ಕೊಂಕಣ ರೈಲಿಗೆ ಜಾಗ ಕೊಟ್ಟಿದ್ದೂ ಇದೇ ಜನ. ಇಷ್ಟು ಕೊಟ್ಟ ಜಿಲ್ಲೆಗೆ "ಎಲ್ಲದಕ್ಕೂ ವಿರೋಧ" ಅನ್ನೋ ಹೆಸರು ಹೇಗೆ ಅಂಟಿತು?

ಹೆಸರು ತನ್ನಷ್ಟಕ್ಕೆ ಹುಟ್ಟೋದಿಲ್ಲ. ಯಾರೋ ಒಬ್ರು ಹೇಳ್ತಾರೆ, ಇನ್ನೊಬ್ರು ಅದನ್ನ ಭಾಷಣದಲ್ಲಿ ಎತ್ತಾಡ್ತಾರೆ, ಪೇಪರಲ್ಲಿ ಬರ್ತದೆ, ಪೇಪರಿನ ಕಟಿಂಗ್ ಫೈಲಿಗೆ ಹೋಗ್ತದೆ, ಹತ್ತು ವರ್ಷ ಆದ ಮೇಲೆ ಯಾವನೋ ಹುಡುಗ ಪಿಎಚ್‌ಡಿ ಮಾಡುವಾಗ ಅದನ್ನೇ ಆಧಾರ ಅಂತ ತಗೊಳ್ತಾನೆ, ಆಮೇಲೆ ಅದು ಎಲ್ಲರಿಗೂ ಗೊತ್ತಿರೋ ಸತ್ಯ. ಕಾಗದಕ್ಕೆ ಹೋಗಿದ್ದು ಉಳೀತದೆ, ಉಳಿದಿದ್ದು ಮುಂದೆ ಸರಕಾರದ ತೀರ್ಮಾನಕ್ಕೂ ಆಧಾರ ಆಗ್ತದೆ. ಇದು ನಮ್ಮ ಜಿಲ್ಲೆಯಲ್ಲಿ ನಮಗೆ ವಿರುದ್ಧವಾಗಿಯೂ ನಡೆದಿದೆ, ನಮ್ಮ ಪರವಾಗಿಯೂ ನಡೆದಿದೆ, ಎರಡೂ ಗೊತ್ತಿರೋದು ಒಳ್ಳೇದು.

ವಿರುದ್ಧ ನಡೆದಿದ್ದಕ್ಕೆ ದಾಂಡೇಲಿ ಕಡೆಯ ಬಿದಿರಿನ ಕಥೆ ನೋಡಿ. 1958ರ ಹೊತ್ತಿಗೆ ಅಲ್ಲಿ ಕಾಗದ ಕಾರ್ಖಾನೆ ಬಂತು, ಸರಕಾರ ಅದಕ್ಕೆ ಬಿದಿರು ಕೊಟ್ಟಿದ್ದು ಟನ್ನಿಗೆ ಒಂದೂವರೆ ರೂಪಾಯಿ ಲೆಕ್ಕದಲ್ಲಿ, ಪೇಟೆಯಲ್ಲಿ ಬುಟ್ಟಿ ಹೆಣೆಯೋ ಮೇದಾರರು ಅದರ ನೂರಾರು ಪಟ್ಟು ಕೊಡ್ತಿದ್ರು. ಕಾಡಲ್ಲಿ ಎಷ್ಟು ಬಿದಿರಿದೆ ಅಂತ ಇಲಾಖೆ ಮಾಡಿದ ಅಂದಾಜೋ ಎಲ್ಲಿಯ ಕಾಡಿಗೂ ತಾಳೆ ಆಗದಷ್ಟು ಜಾಸ್ತಿ. ಎಪ್ಪತ್ತರ ದಶಕಕ್ಕೆ ಬರೋದ್ರಲ್ಲಿ ಬಿದಿರು ಖಾಲಿ ಆಗ್ತಾ ಬಂತು. ತಪ್ಪು ಯಾರದ್ದು ಅಂದ್ರೆ ಹಳ್ಳಿಯವರದ್ದು, ದನ ಮೇಯಿಸ್ತಾರೆ, ಕಳಲೆ (ಬಿದಿರಿನ ಎಳೆ ಮೊಳಕೆ) ಕಡೀತಾರೆ ಅಂತ ಹೇಳಿದ್ರು. ಅದೇ ಕಾಗದಕ್ಕೂ ಹೋಯ್ತು.

ಆಗ ಸರಕಾರವೇ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಮಾಧವ ಗಾಡ್ಗೀಳ್ ಅವರಿಗೆ ಇದನ್ನ ನೋಡಿ ಅಂತ ಹೇಳಿತು. ಅವರೂ ಅವರ ಜೊತೆಯವರೂ ಕಾಡು ತಿರುಗಿ, ಊರಿನವರ ಹತ್ರ ಕೂತು ಮಾತಾಡಿದಾಗ ಗೊತ್ತಾಗಿದ್ದು ಬೇರೆ. ಬಿದಿರು ಮೆಳೆ ಬುಡದಲ್ಲಿ ಮುಳ್ಳಿನ ಹೊದಿಕೆ ಇರ್ತದೆ, ಹೊಸ ಕಳಲೆ ಅದರೊಳಗೇ ಏಳೋದು, ದನ ಆಗ್ಲಿ ಕಾಡು ಪ್ರಾಣಿ ಆಗ್ಲಿ ಬಾಯಿ ಹಾಕೋಕೆ ಆಗೋದಿಲ್ಲ. ಹಳ್ಳಿಯವರು ಬಿದಿರು ಕಡಿಯುವಾಗ ಆ ಮುಳ್ಳು ಹಾಗೇ ಬಿಡ್ತಿದ್ರು. ಆದ್ರೆ ಮೆಳೆ ಚೊಕ್ಕ ಮಾಡಿದ್ರೆ ಚೆನ್ನಾಗಿ ಬೆಳೀತದೆ ಅಂತ ಪುಸ್ತಕದ ಲೆಕ್ಕದಲ್ಲಿ ಕಾರ್ಖಾನೆ ಕಡಿತದ ಹೊತ್ತಿಗೆ ಮುಳ್ಳು ಪೂರ್ತಿ ಸವರಿಸ್ತಿದ್ರು, ಸವರಿದ ಮೇಲೆ ಎದ್ದ ಕಳಲೆ ಎಲ್ಲಾ ಪ್ರಾಣಿ ಬಾಯಿಗೆ. ಊರಿನವರು ಇದನ್ನ ಮೊದಲಿಂದ ಹೇಳ್ತಾನೇ ಇದ್ರು, ಕೇಳೋರಿರ್ಲಿಲ್ಲ, ಯಾಕಂದ್ರೆ ಅವರು ಹೇಳಿದ್ದು ಯಾವ ಫೈಲಲ್ಲೂ ಇರ್ಲಿಲ್ಲ. ಒಬ್ಬ ವಿಜ್ಞಾನಿ ಕೇಳಿ, ಅಳೆದು, ಬರೆದ ಮೇಲೆ ಅದು ಜ್ಞಾನ ಅಂತ ಆಯ್ತು. ಇದರಲ್ಲಿ ಆ ವಿಜ್ಞಾನಿಗಳ ದೊಡ್ಡತನ ಇದೆ, ಅದು ಬೇರೆ ಮಾತು. ಆದ್ರೆ ಅವರು ಬರದೇ ಇದ್ದಿದ್ರೆ ಇವತ್ತಿಗೂ ದಾಂಡೇಲಿ ಕಾಡು ಹಾಳು ಮಾಡಿದ್ದು ಬುಟ್ಟಿ ಹೆಣೆಯೋರು ಅಂತಲೇ ಮಕ್ಕಳು ಓದ್ತಿದ್ರೋ ಏನೋ.

ಪರವಾಗಿ ನಡೆದಿದ್ದು ಬೇಡ್ತಿ ಹೊಳೆಯ ವಿಷಯದಲ್ಲಿ. ಈಗಿನ ಹುಡುಗರಿಗೆ ಗೊತ್ತಿಲ್ಲ, ಬೇಡ್ತಿ ಹೋರಾಟ ಅಂದ್ರೆ ಏನೋ ಮೆರವಣಿಗೆ, ಘೋಷಣೆ ಅಂದ್ಕೊಂಡಿದ್ದಾರೆ. ಮಾಗೋಡು ಹತ್ರ ಜಲವಿದ್ಯುತ್ ಯೋಜನೆ ಅಂತ ಬಂದಾಗ ಶಿರಸಿಯ ತೋಟಗಾರ್ಸ್ ಸೇಲ್ ಸೊಸೈಟಿ, ನಾವು ಟಿಎಸ್‌ಎಸ್ ಅಂತ ಕರೀತೇವಲ್ಲ, ಅಡಿಕೆ, ಏಲಕ್ಕಿ, ಕಾಳುಮೆಣಸು ಮಾರೋಕೆ ರೈತರು ಕಟ್ಟಿಕೊಂಡ ಸಂಘ, ಅದು ಮುಂದೆ ನಿಂತು 1981ರ ಜನವರಿಯಲ್ಲಿ ಶಿರಸಿಯಲ್ಲಿ ಒಂದು ವಿಚಾರ ಸಂಕಿರಣ ಮಾಡಿಸಿತು. ಅರ್ಥಶಾಸ್ತ್ರ, ಇಂಜಿನಿಯರಿಂಗ್, ಕಾಡು, ನೀರು ಗೊತ್ತಿದ್ದವರನ್ನ ಕರೆಸಿದ್ರು, ಸರಕಾರದ ಲೆಕ್ಕವನ್ನೇ ಮುಂದಿಟ್ಟುಕೊಂಡು ಇದರಲ್ಲಿ ಲಾಭ ಎಷ್ಟು, ನಷ್ಟ ಎಷ್ಟು, ತೋಟಕ್ಕೆ ಏನು ಬೆಲೆ ಹಾಕಿದ್ದೀರಿ, ಸೊಪ್ಪಿನ ಬೆಟ್ಟಕ್ಕೆ (ತೋಟಕ್ಕೆ ಸೊಪ್ಪು ತರೋ ಕಾಡಿಗೆ) ಏನು ಬೆಲೆ ಹಾಕಿದ್ದೀರಿ ಅಂತ ಒಂದೊಂದೇ ಕೇಳಿದ್ರು. ಲೆಕ್ಕ ನಿಲ್ಲಲಿಲ್ಲ, ಯೋಜನೆ ಬದಿಗೆ ಹೋಯ್ತು. ಒಂದು ಡ್ಯಾಮಿನಿಂದ ತೊಂದರೆ ಆಗೋ ಜನ ತಾವೇ ಖರ್ಚು ಹಾಕಿ ಆ ಡ್ಯಾಮಿನ ಲೆಕ್ಕ ಪರೀಕ್ಷೆ ಮಾಡಿಸಿದ್ದು ನಮ್ಮ ದೇಶದಲ್ಲೇ ಅಪರೂಪ. ಇದನ್ನ ಮಾಡಿದ್ದು ಅಡಿಕೆ ಸುಲಿಯೋ ಕೈಗಳು ಅಂತ ಹೇಳೋಕೆ ನನಗೆ ಹೆಮ್ಮೆ ಇದೆ. ಈಗ ಬೇಡ್ತಿ ನೀರನ್ನ ವರದೆಗೆ ತಿರುಗಿಸೋ ಮಾತು ಬಂದಿದೆ, ಆಗಿನ ಆ ಕಾಗದ ಪತ್ರ ಎಲ್ಲಾ ಹೊರಗೆ ತೆಗೆದು ಓದೋ ಹೊತ್ತು ಇದು.

ಅದಾಗಿ ಎರಡು ವರ್ಷಕ್ಕೆ, 1983ರ ಸೆಪ್ಟೆಂಬರಿನಲ್ಲಿ, ಸಾಲ್ಕಣಿ ಕಡೆಯವರು ಕಾಡು ಕಡಿಯೋದನ್ನ ತಡೆಯೋಕೆ ಮರ ಅಪ್ಪಿ ನಿಂತ್ರು. ಅಪ್ಪಿಕೋ ಬಗ್ಗೆ ಎಲ್ಲರೂ ಬರೆದಿದ್ದಾರೆ, ನಾನು ಮತ್ತೆ ಹೇಳೋದಿಲ್ಲ.

ಕೈಗಾ ವಿಷಯ ಮಾತ್ರ ಮನಸ್ಸಿಗೆ ಕಷ್ಟ ಆಗ್ತದೆ. ಕೋಟ ಶಿವರಾಮ ಕಾರಂತರಷ್ಟು ದೊಡ್ಡ ಹೆಸರು ಆಗ ಕನ್ನಡದಲ್ಲಿ ಎಷ್ಟು ಜನಕ್ಕಿತ್ತು? ಅಂಥವರು ಆ ವಯಸ್ಸಲ್ಲಿ 1989ರ ಲೋಕಸಭೆ ಚುನಾವಣೆಗೆ ನಮ್ಮ ಕ್ಷೇತ್ರದಿಂದ ನಿಂತ್ರು, ಪರಿಸರದ ಪ್ರಶ್ನೆ ಇಟ್ಟುಕೊಂಡು, ಸೋತ್ರು. ಒಬ್ಬರ ಹೆಸರು ಎಷ್ಟೇ ದೊಡ್ಡದಿದ್ರೂ ಅದೊಂದ್ರಿಂದಲೇ ಸರಕಾರದ ನೀತಿ ಬದಲಾಗೋದಿಲ್ಲ ಅಂತ ಅದರಿಂದ ಗೊತ್ತಾಗ್ತದೆ. 1994ರ ಮೇ ತಿಂಗಳಲ್ಲಿ ಕಟ್ಟುತ್ತಿದ್ದ ಘಟಕದ ಗುಮ್ಮಟದ ಕಾಂಕ್ರೀಟು ಕುಸಿದು ಬಿತ್ತು, ಆಗ ಜನಕ್ಕೆ ಕಾರಂತರು ನೆನಪಾದ್ರು. ಸೋತಿದ್ದು ಅವರು, ಅವರ ಪ್ರಶ್ನೆಗಳಲ್ಲ, ಸುರಕ್ಷತೆ ಬಗ್ಗೆ ಕೇಳಬೇಕಾದ್ದನ್ನ ಇವತ್ತಿಗೂ ಕೇಳಬೇಕು.

ಈಗ ನಮ್ಮ ಅಘನಾಶಿನಿ ಹೊಳೆಗೆ ಬರ್ತೇನೆ, ಇದು ನನಗೆ ಹತ್ತಿರದ್ದು. ತದಡಿಯಲ್ಲಿ 4000 ಮೆಗಾವಾಟಿನ ಕಲ್ಲಿದ್ದಲು ಸ್ಥಾವರ ತರ್ತೇವೆ ಅಂತ ಹೇಳ್ತಿದ್ದ ಕಾಲದಲ್ಲಿ ಆ ಅಳಿವೆಯನ್ನ ಹೊರಗಿನವರು ನೋಡ್ತಿದ್ದಿದ್ದು ಖಾಲಿ ಜೌಗು ಅಂತ. ಅಲ್ಲಿ ಏನಿದೆ, ಕೆಸರು, ಕಾಂಡ್ಲ ಗಿಡ (ಮ್ಯಾಂಗ್ರೋವ್), ಉಪ್ಪು ನೀರು ಅಂತ. ನೀರು ಇಳಿದಾಗ ಅದೇ ಕೆಸರಲ್ಲಿ ಸೊಂಟದ ತನಕ ನಿಂತು ಬೆಳಚು ಅನ್ನೋ ಚಿಪ್ಪಿನ ಜೀವಿ ಆಯೋ ಹೆಂಗಸರು, ಗಂಡಸರು, ದೋಣಿಯವರು, ಪೇಟೆಗೆ ಒಯ್ದು ಮಾರೋರು, ಇವರೆಲ್ಲಾ ಯಾವ ಲೆಕ್ಕದಲ್ಲೂ ಇರ್ಲಿಲ್ಲ. ವಿಜ್ಞಾನ ಸಂಸ್ಥೆಯ ಪರಿಸರ ವಿಭಾಗದವರು, ಕುಮಟೆಯಲ್ಲೇ ಇದ್ದು ಕೆಲಸ ಮಾಡಿದ ಎಂ. ಡಿ. ಸುಭಾಷ್ ಚಂದ್ರನ್ ಅವರೂ ಟಿ. ವಿ. ರಾಮಚಂದ್ರ ಅವರೂ ಅವರ ತಂಡದವರೂ ಕೂತು ಲೆಕ್ಕ ಹಾಕಿದ್ರು. ಬೆಳಚು, ನೀಲಿಕಲ್ಲು ಇಂಥ ಚಿಪ್ಪಿನ ಜೀವಿಗಳೇ ವರ್ಷಕ್ಕೆ ಸುಮಾರು 22 ಸಾವಿರ ಟನ್, ಆಗಿನ ಬೆಲೆಯಲ್ಲಿ ಸುಮಾರು 5.78 ಕೋಟಿ ರೂಪಾಯಿ, ಅದನ್ನ ಆಯೋದ್ರಲ್ಲಿ, ಮಾರೋದ್ರಲ್ಲಿ 2,300ಕ್ಕೂ ಜಾಸ್ತಿ ಜನ. ಒಂದು ಸಲ ಈ ಅಂಕಿ ಕಾಗದಕ್ಕೆ ಬಂದ ಮೇಲೆ ಅಲ್ಲಿ ಏನೂ ಇಲ್ಲ ಅಂತ ಹೇಳೋದು ಕಷ್ಟ ಆಯ್ತು. ಮೀನುಗಾರರ ವಿರೋಧವೂ ಇತ್ತು, ಅದಿಲ್ಲದೆ ಬರೀ ಅಂಕಿಯಿಂದ ಏನೂ ಆಗ್ತಿರ್ಲಿಲ್ಲ, ಎರಡೂ ಸೇರಿದ್ದಕ್ಕೇ ಸ್ಥಾವರ ಬರ್ಲಿಲ್ಲ. 2024ರ ಜನವರಿಯಲ್ಲಿ ಅಘನಾಶಿನಿ ಅಳಿವೆ ರಾಮ್ಸರ್ ತಾಣ ಅಂತ, ಅಂದ್ರೆ ಜಗತ್ತಿನ ಮಹತ್ವದ ಜೌಗು ಪ್ರದೇಶಗಳ ಪಟ್ಟಿಗೆ ಸೇರಿತು. ಅದೇ ಕೆಸರು, ಅದೇ ಕಾಂಡ್ಲ, ಹೆಸರು ಮಾತ್ರ ಬೇರೆ ಆಯ್ತು, ಅದನ್ನ ಬದಲಾಯಿಸಿದ್ದು ಆ ಹೆಂಗಸರು ಕೊಟ್ಟ ಮಾಹಿತಿ ಮತ್ತೆ ಅದನ್ನ ಬರೆದವರ ತಾಳ್ಮೆ.

ಈಗ ನಮ್ಮ ಕಡೆಯ ತಪ್ಪಿನ ಬಗ್ಗೆಯೂ ಹೇಳಬೇಕು. ಪಶ್ಚಿಮ ಘಟ್ಟದ ವರದಿಗಳು ಬಂದಾಗ ಆಗಿದ್ದು ನೋಡಿ. ಗಾಡ್ಗೀಳ್ ಸಮಿತಿ 2011ರಲ್ಲಿ ವರದಿ ಕೊಟ್ಟಿತು, ಸರಕಾರ ಅದನ್ನ ಹೊರಗೇ ಬಿಡ್ಲಿಲ್ಲ, ಮಾಹಿತಿ ಹಕ್ಕಿನಲ್ಲಿ ಕೇಳಿ, ದೆಹಲಿ ಹೈಕೋರ್ಟಿನ ತನಕ ಹೋಗಿ, 2012ರ ಮೇನಲ್ಲಿ ಬಂತು, ಅದೂ ಇಂಗ್ಲಿಷಲ್ಲಿ, ನೂರಾರು ಪುಟ. ಗ್ರಾಮಸಭೆಗೆ ಒಯ್ದು, ಅಲ್ಲಿಯವರು ಏನು ಹೇಳ್ತಾರೆ ನೋಡಿ ಗಡಿ ಗುರುತು ಮಾಡಿ ಅಂತ ಆ ವರದಿಯಲ್ಲೇ ಇತ್ತು. ಯಾವ ಗ್ರಾಮಸಭೆಗೆ ಬಂತು? ನಮಗೆ ಬಂದಿದ್ದು ಮೊಬೈಲಿನ ಮೆಸೇಜು, ಮೈಕಿನ ಭಾಷಣ, ಮನೆ ಬಿಡಿಸ್ತಾರೆ, ತೋಟಕ್ಕೆ ಹೋಗೋಕೆ ಬಿಡೋದಿಲ್ಲ, ದನ ಸಾಕೋ ಹಾಗಿಲ್ಲ ಅಂತ. 2013ರ ಕಸ್ತೂರಿರಂಗನ್ ವರದಿ ಘಟ್ಟದ ಸುಮಾರು ಶೇ. 37 ಭಾಗವನ್ನ ಸೂಕ್ಷ್ಮ ಪ್ರದೇಶ ಅಂದಿದ್ದು ಹೌದು, ಆದ್ರೆ ಅದರಲ್ಲಿ ನಿಷೇಧ ಅಂತ ಇದ್ದಿದ್ದು ಗಣಿಗಾರಿಕೆ, ಕಲ್ಲು ಕ್ವಾರಿ, ಮರಳು ತೆಗೆಯೋದು, ಕಲ್ಲಿದ್ದಲು ಸ್ಥಾವರ, ಕೆಂಪು ಪಟ್ಟಿಯ (ತುಂಬಾ ಮಾಲಿನ್ಯ ಮಾಡೋ) ಕೈಗಾರಿಕೆ, 20 ಸಾವಿರ ಚದರ ಮೀಟರ್ ಮೇಲಿನ ಕಟ್ಟಡ. ಜನರನ್ನ ಎಬ್ಬಿಸಿ ಅಂತ ಅದರಲ್ಲಿ ಇಲ್ಲ.

ಹಾಗಂತ ಹೆದರಿದ ರೈತರನ್ನ ದಡ್ಡರು ಅನ್ನೋರನ್ನ ನಾನು ಒಪ್ಪೋದಿಲ್ಲ. ದಾಖಲೆಯಲ್ಲಿ ಜಿಲ್ಲೆಯ ಶೇ. 80ರ ಹತ್ತಿರ ಜಾಗ ಅರಣ್ಯ, ಮೂರು ತಲೆಮಾರಿಂದ ಗೇಯ್ದ ಜಾಗಕ್ಕೂ ಪಟ್ಟಾ ಇಲ್ಲ, 2006ರ ಅರಣ್ಯ ಹಕ್ಕು ಕಾಯ್ದೆಯಡಿ ಹಾಕಿದ ಅರ್ಜಿ ರಾಶಿ ರಾಶಿ ತಿರಸ್ಕಾರ ಆಗಿವೆ. ಅಂಥವರಿಗೆ ಇನ್ನೊಂದು ಗಡಿ ಹಾಕ್ತೇವೆ ಅಂದ್ರೆ ಹೆದರಿಕೆ ಆಗೋದೇ. ಆ ಹೆದರಿಕೆಗೆ ಉತ್ತರ ಕೊಡಬೇಕಾದವರು ವರದಿಯ ನಾಲ್ಕು ಪುಟ ಕನ್ನಡಕ್ಕೆ ತಂದು ಪಂಚಾಯ್ತಿಯಲ್ಲಿ ಓದಿ ಹೇಳ್ಲಿಲ್ಲ, ಅದನ್ನ ಓಟಿಗೆ ಬಳಸಿಕೊಂಡವರು ಎಲ್ಲಾ ಪಕ್ಷದಲ್ಲೂ ಇದ್ರು. ರಾಜ್ಯ ಸರಕಾರ ವರದಿ ತಿರಸ್ಕಾರ ಮಾಡ್ತಾನೇ ಬಂತು, ಕೇಂದ್ರ ಕರಡು ಅಧಿಸೂಚನೆ ಹೊರಡಿಸ್ತಾನೇ ಬಂತು, 2024ರ ಜುಲೈಯದ್ದು ಆರನೇದು. ಹತ್ತು ವರ್ಷಕ್ಕೂ ಮೇಲೆ ಒಂದು ಜಿಲ್ಲೆಯ ಅಭಿಪ್ರಾಯ ಓದದೇ ಇರೋ ಕಾಗದದ ಮೇಲೆ ನಿಂತಿದೆ, ಇದರಿಂದ ನನಗೆ ನಿಜಕ್ಕೂ ಸಂಕಟ ಆಗ್ತದೆ. ಬೇಡ್ತಿ ಲೆಕ್ಕ ಓದಿದ ಜಿಲ್ಲೆ ಇದು.

ಅದಕ್ಕೇ ಅಹವಾಲು ಸಭೆಗಳ ಬಗ್ಗೆ ಎಲ್ಲರಿಗೂ ಗೊತ್ತಿರ್ಲಿ ಅಂತ ಬರೀತೇನೆ. ದೊಡ್ಡ ಯೋಜನೆಗೆ ಪರಿಸರ ಅನುಮತಿ ಬೇಕಂದ್ರೆ 2006ರ ಇಐಎ (ಪರಿಸರ ಪರಿಣಾಮ ಅಧ್ಯಯನ) ಅಧಿಸೂಚನೆ ಪ್ರಕಾರ ಸಾರ್ವಜನಿಕ ಅಹವಾಲು ಸಭೆ ಆಗಬೇಕು. ಕನಿಷ್ಠ 30 ದಿನ ಮೊದಲು ಪೇಪರಲ್ಲಿ ನೋಟಿಸ್ ಬರಬೇಕು. ವರದಿಯ ಸಾರಾಂಶ ಕನ್ನಡದಲ್ಲೂ ಇರಬೇಕು, ಪೂರ್ತಿ ವರದಿ ಡಿಸಿ ಆಫೀಸು, ಜಿಲ್ಲಾ ಪಂಚಾಯ್ತಿ, ಜಿಲ್ಲಾ ಕೈಗಾರಿಕಾ ಕೇಂದ್ರ ಇಂಥ ಕಡೆ ನೋಡೋಕೆ ಸಿಗಬೇಕು. ಸಭೆ ವಿಡಿಯೋ ಆಗ್ತದೆ, ಕೊನೆಗೆ ನಡಾವಳಿ ಓದಿ ಹೇಳಬೇಕು. ಇದಕ್ಕೆ ಕೋರಂ ಇಲ್ಲ, ಹತ್ತು ಜನ ಬಂದ್ರೂ ಸಭೆ ಆಯ್ತು ಅಂತಲೇ ಲೆಕ್ಕ. ಹಾಗಾಗಿ ಬಹಿಷ್ಕಾರ ಹಾಕಿ ಹೊರಗೆ ಕೂತ್ರೆ ಸಭೆ ನಿಲ್ಲೋದಿಲ್ಲ, ನಮ್ಮ ಮಾತು ದಾಖಲೆಗೆ ಹೋಗೋದಿಲ್ಲ ಅಷ್ಟೇ. ಇನ್ನೊಂದು ಮುಖ್ಯ ವಿಷಯ, ಸಭೆಯಲ್ಲಿ ಎದ್ದ ಗಂಭೀರ ಪ್ರಶ್ನೆಗೆ ಕಂಪನಿ ಅಂತಿಮ ವರದಿಯಲ್ಲಿ ಉತ್ತರ ಬರೀಬೇಕು. ಬೇಡ ಬೇಡ ಅಂತ ನೂರು ಜನ ಕೂಗಿದ್ರೆ ವಿರೋಧ ಇತ್ತು ಅಂತ ಒಂದು ಸಾಲು ಬರೀತಾರೆ. ನಿಮ್ಮ ವರದಿಯಲ್ಲಿ ಈ ಊರಲ್ಲಿ ಬಲೆ ಹಾಕೋರ ದೋಣಿ ಇಷ್ಟು ಅಂತ ಹಾಕಿದ್ದೀರಿ, ನಮ್ಮ ಸೊಸೈಟಿ ಪುಸ್ತಕದಲ್ಲಿ ಇಷ್ಟಿದೆ, ಯಾವುದು ಸರಿ ಅಂತ ಒಬ್ಬ ಬರೆದು ಸಹಿ ಹಾಕಿ ಕೊಟ್ರೆ ಅದಕ್ಕೆ ಉತ್ತರ ಕೊಡದೆ ದಾಟೋದು ಕಷ್ಟ. ನಾನು ಕೂಗೋದು ತಪ್ಪು ಅಂತ ಹೇಳ್ತಿಲ್ಲ, ಮನೆ ಹೋಗೋ ಹೊತ್ತಲ್ಲಿ ಯಾರಾದ್ರೂ ಕೂಗ್ತಾರೆ, ಪೊಲೀಸರನ್ನ ತಂದು ನಿಲ್ಲಿಸಿ ಸಭೆ ಮಾಡೋರಿಗೆ ಅದನ್ನ ತಪ್ಪು ಅನ್ನೋ ಹಕ್ಕೂ ಇಲ್ಲ. ಆದ್ರೆ ಕೂಗಿನ ಜೊತೆ ಕಾಗದವೂ ಇರ್ಲಿ.

ಆಸ್ಪತ್ರೆ ವಿಷಯದಲ್ಲೂ ನೋಡಿದ್ದೇವೆ. 2019ರಲ್ಲಿ ನಮ್ಮ ಹುಡುಗರು ಸೋಷಿಯಲ್ ಮೀಡಿಯಾದಲ್ಲಿ ಜಿಲ್ಲೆಗೊಂದು ಸುಸಜ್ಜಿತ ಆಸ್ಪತ್ರೆ ಬೇಕು ಅಂತ ಎಬ್ಬಿಸಿದ್ರು, ಇಡೀ ರಾಜ್ಯ ತಿರುಗಿ ನೋಡಿತು. 2022ರ ಜುಲೈಯಲ್ಲಿ ಹೊನ್ನಾವರದಿಂದ ರೋಗಿ ಕರಕೊಂಡು ಹೋಗ್ತಿದ್ದ ಆಂಬುಲೆನ್ಸ್ ಶಿರೂರು ಟೋಲಲ್ಲಿ (ಬೈಂದೂರು ಕಡೆಯ ಶಿರೂರು, ಗುಡ್ಡ ಕುಸಿದ ನಮ್ಮ ಅಂಕೋಲೆ ಶಿರೂರು ಅಲ್ಲ) ಪಲ್ಟಿಯಾಗಿ ನಾಲ್ಕು ಜನ ಹೋದಾಗ ಮತ್ತೆ ಎದ್ದಿತು, ಭರವಸೆಯೂ ಬಂತು. ಹುಡುಗರ ಕೆಲಸ ದೊಡ್ಡದು. ಆದ್ರೆ ಟ್ರೆಂಡಿಂಗ್ ಒಂದೆರಡು ದಿನ ಇರ್ತದೆ, ಆಮೇಲೆ ಬಜೆಟ್ಟಲ್ಲಿ ಬಂತಾ, ಜಾಗ ಗುರುತಾಯ್ತಾ, ಡಾಕ್ಟರ್ ಹುದ್ದೆ ತುಂಬಿದ್ರಾ ಅಂತ ಬೆನ್ನು ಹತ್ತೋ ಗುಂಪು ತಾಲೂಕಿಗೆ ಒಂದಾದ್ರೂ ಬೇಕಿತ್ತು. ಈಗಲೂ ಜೋರು ಎದೆನೋವು ಬಂದ್ರೆ ಮಣಿಪಾಲವೋ ಗೋವೆಯೋ ಹುಬ್ಬಳ್ಳಿಯೋ ಅಂತಲೇ ಯೋಚನೆ ಮಾಡಬೇಕು.

ಕೊನೇದಾಗಿ ಓದಿದವರಿಗೆ ಒಂದು ಮಾತು. ಹಾಲಕ್ಕಿ ಸಮಾಜದ ತುಳಸಿ ಗೌಡ ಅವರು ಬರಿಗಾಲಲ್ಲಿ ರಾಷ್ಟ್ರಪತಿ ಭವನಕ್ಕೆ ಹೋಗಿ ಪದ್ಮಶ್ರೀ ತಗೊಂಡ ಫೋಟೋ 2021ರಲ್ಲಿ ದೇಶವೆಲ್ಲಾ ನೋಡಿತು. ಅದಕ್ಕಿಂತ ದಶಕಗಳ ಮೊದಲಿಂದ ಅವರು ಅರಣ್ಯ ಇಲಾಖೆ ನರ್ಸರಿಯಲ್ಲಿ ದಿನಗೂಲಿಗೆ ದುಡಿದವರು, ಯಾವ ತಾಯಿ ಮರದ ಬೀಜ, ಯಾವಾಗ ಆರಿಸಬೇಕು, ಹೇಗೆ ಮೊಳಕೆ ಬರಿಸಬೇಕು ಅಂತ ಅವರಿಗೆ ಗೊತ್ತಿದ್ದಿದ್ದು ಡಿಗ್ರಿ ಮಾಡಿದವರಿಗೂ ಗೊತ್ತಿರ್ಲಿಲ್ಲ, ಯಲ್ಲಪ್ಪ ರೆಡ್ಡಿ ಅವರಂಥ ಅಧಿಕಾರಿಗಳು ಅದನ್ನ ಗುರುತಿಸಿ ನಾಲ್ಕು ಕಡೆ ಹೇಳಿದ್ದಕ್ಕೆ ಹೊರಗೆ ಗೊತ್ತಾಯ್ತು. 2024ರ ಡಿಸೆಂಬರಿನಲ್ಲಿ ಅವರು ಹೋದ್ರು, ಎರಡು ತಿಂಗಳಲ್ಲಿ ಹಾಲಕ್ಕಿ ಹಾಡುಗಳ ಬಡಗೇರಿಯ ಸುಕ್ರಜ್ಜಿ, ಸುಕ್ರಿ ಬೊಮ್ಮಗೌಡರೂ ಹೋದ್ರು. ಫೋಟೋ ಎಷ್ಟು ಜನ ಶೇರ್ ಮಾಡಿದ್ರೋ ಅದರಲ್ಲಿ ಒಂದು ಪಾಲು ಜನ ಆ ಬೀಜದ ವಿದ್ಯೆ ಏನು ಅಂತ, ಆ ಹಾಡಿನಲ್ಲಿ ಏನಿದೆ ಅಂತ ಕೇಳಿದ್ರೆ ಅವರ ಸಮಾಜದ ಈಗಿನ ಮಕ್ಕಳಿಗೆ ಅದು ಉಳೀತಿತ್ತು. ಹಾಲಕ್ಕಿಗಳನ್ನ ಎಸ್‌ಟಿ ಪಟ್ಟಿಗೆ ಸೇರಿಸಿ ಅಂತ ಅವರು ಬದುಕಿದ್ದಷ್ಟು ಕಾಲ ಕೇಳಿದ್ದೂ ಹಾಗೇ ಉಳಿದಿದೆ, ಹಾರ ಹಾಕಿದಷ್ಟು ಸುಲಭಕ್ಕೆ ಅದು ಆಗ್ಲಿಲ್ಲ.

ನಮ್ಮ ಊರುಗಳಿಗೆ ಸಂಶೋಧನೆ ಅಂತ ವಿದ್ಯಾರ್ಥಿಗಳು ಬರ್ತಾನೇ ಇರ್ತಾರೆ, ಗಜನಿ (ಉಪ್ಪು ನೀರಿನ ಗದ್ದೆ) ಕಟ್ಟೆ, ಅಲ್ಲಿ ಬೆಳೆಯೋ ಕಗ್ಗ ಭತ್ತ, ನಾಟಿ ಔಷಧಿ, ಹಾಡು, ಎಲ್ಲಾ ಕೇಳ್ತಾರೆ, ಜನ ಚಾ ಕೊಟ್ಟು, ಕೆಲಸ ಬಿಟ್ಟು ಹೇಳ್ತಾರೆ. ಅವರ ಪುಸ್ತಕ, ಪ್ರಬಂಧ ಆ ಊರಿಗೆ ತಿರುಗಿ ಬಂದಿದ್ದು ಬಹಳ ಕಡಿಮೆ. ಹೇಳಿದವರ ಹೆಸರು ಅವರು ಒಪ್ಪಿದ್ರೆ ಹಾಕಿ, ಒಂದು ಪ್ರತಿ ಊರಿನ ಶಾಲೆಗೋ ಪಂಚಾಯ್ತಿ ಲೈಬ್ರರಿಗೋ ಕೊಡಿ, ತಪ್ಪಿದ್ರೆ ಊರಿನವರು ತಿದ್ದಿ ಹೇಳ್ತಾರೆ, ನಿಮ್ಮ ಕೆಲಸವೇ ಗಟ್ಟಿ ಆಗ್ತದೆ. ಹಾಗೇ ಪಂಚಾಯ್ತಿ ಪಂಚಾಯ್ತಿಗೂ ಜೀವವೈವಿಧ್ಯ ದಾಖಲಾತಿ ಅಂತ ಒಂದು ಪುಸ್ತಕ ಇರಬೇಕು, 2002ರ ಕಾಯ್ದೆ ಪ್ರಕಾರ. 2020ರ ಜನವರಿ ಒಳಗೆ ಮುಗಿಸಿ ಅಂತ ಹಸಿರು ನ್ಯಾಯಮಂಡಳಿ ಗಡುವು ಹಾಕಿದ ಮೇಲೆ ಎಷ್ಟೋ ಕಡೆ ಅವಸರದಲ್ಲಿ ಬರೆದಿದ್ದಾರೆ. ನಿಮ್ಮ ಪಂಚಾಯ್ತಿಗೆ ಹೋಗಿ ಅದನ್ನ ಕೇಳಿ ನೋಡಿ, ನಿಮ್ಮೂರಿನ ಮಾವು, ಮೀನು, ಬೆಟ್ಟ, ಹೊಳೆ ಅದರಲ್ಲಿ ಇದೆಯಾ ಅಂತ. ನಾಳೆ ಯಾವುದೋ ಕಂಪನಿ ವರದಿ ಬರೆಯುವಾಗ ಇಲ್ಲಿ ಏನೂ ವಿಶೇಷ ಇಲ್ಲ ಅಂತ ಬರೆದ್ರೆ, ಅದಕ್ಕೆ ಎದುರು ತೋರಿಸೋಕೆ ನಮ್ಮ ಕೈಯಲ್ಲಿ ಇರೋದು ಆ ಪುಸ್ತಕ.

ಸಂಪಾದಕರೇ, ನಿಮ್ಮ ಹತ್ರ ನನ್ನ ಕೋರಿಕೆ ಇಷ್ಟೇ. ಅಹವಾಲು ಸಭೆ ಅಂದ್ರೆ ಗಲಾಟೆಯ ಫೋಟೋ ಮಾತ್ರ ಹಾಕಬೇಡಿ. ನೋಟಿಸ್ ಬಂದ ದಿನದಿಂದ ಸಭೆಯ ದಿನದ ತನಕ ಆ ವರದಿಯಲ್ಲಿ ನಮ್ಮ ಊರುಗಳ ಬಗ್ಗೆ ಏನು ಬರೆದಿದ್ದಾರೆ ಅಂತ ದಿನಕ್ಕೆ ಅರ್ಧ ಕಾಲಂ ಆದ್ರೂ ಸರಳ ಕನ್ನಡದಲ್ಲಿ ಹಾಕಿ, ಓದಿದವರು ತಪ್ಪು ಕಂಡ್ರೆ ಬರೆದು ಕಳಿಸ್ಲಿ, ಅದನ್ನೂ ಹಾಕಿ. ಸಭೆ ಆದ ಮೇಲೆ ನಡಾವಳಿಯಲ್ಲಿ ಯಾವ ಪ್ರಶ್ನೆ ದಾಖಲಾಯ್ತು, ಯಾವುದು ಬಿಟ್ಟುಹೋಯ್ತು ಅಂತಲೂ ಬರ್ಲಿ, ಮಾಲಿನ್ಯ ನಿಯಂತ್ರಣ ಮಂಡಳಿ ವೆಬ್‌ಸೈಟಲ್ಲಿ ಅದನ್ನ ಹಾಕಬೇಕು ಅಂತ ನಿಯಮವೇ ಇದೆ. ಕುಮಟಾ, ಅಂಕೋಲಾ, ಹೊನ್ನಾವರದ ನಿಮ್ಮ ವರದಿಗಾರರು ಇದನ್ನ ಮಾಡಬಲ್ಲರು, ಓದೋಕೆ ಇಂಗ್ಲಿಷ್ ಬರೋ ಕಾಲೇಜು ಹುಡುಗ ಹುಡುಗಿಯರು ಸಹಾಯಕ್ಕೆ ಬರ್ತಾರೆ, ನಾವು ಕೆಲವರು ನಮ್ಮ ಸೊಸೈಟಿ ಹಾಲಿನಲ್ಲಿ ಅವರಿಗೆ ಕೂರೋಕೆ ಜಾಗ ಮಾಡಿಕೊಡ್ತೇವೆ.

ಇಂತಿ,
ಕುಮಟಾ ತಾಲೂಕಿನ ಒಬ್ಬ ಓದುಗ